ಹಾರ್ನಿನ ರಿಲೇಯನ್ನು ಮಾತನಾಡಿಸಿದ ಬುಡ್ಡೇಸಾಬ

ಚನ್ನಬಸವಣ್ಣ ಮಾಸ್ತರರು ಬುಡ್ಡೇಸಾಬನನ್ನು ಮೊದಲು ಕಂಡದ್ದು ೧೯೭೭ರ ಜೂನ್ ತಿಂಗಳಲ್ಲಿ. ಕಂಡದ್ದು ಎಂದರೆ ಅವನ ಬೆನ್ನನ್ನು ಮಾತ್ರ. ತಲೆ ಮತ್ತು ಎರಡೂ ಕೈಗಳು ಒಂದು ಫಿಯೆಟ್ ಕಾರಿನ ಬಾನೆಟ್ಟಿನೊಳಗೆ ಇದ್ದವು.

ಮಾಸ್ತರರು ಬೆಟಗೇರಿಯ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತಿದ್ದರು. ಪ್ರಯೋಗಕ್ಕೆ ಒಂದು ಹಳೆಯ ಮೋಟಾರು ಬ್ಯಾಟರಿ ಸಿಕ್ಕೀತೇ ಎಂದು ಕೇಳಲು ಬಾಬಣ್ಣನ ಅಂಗಡಿಗೆ ಹೋಗಿದ್ದರು. ಬ್ಯಾಟರಿ ಚಾರ್ಜು ಮಾಡುವುದು, ಗಾಡಿಗಳ ವಾಯರಿಂಗ್ ಮಾಡುವುದು, ಇದು ಆ ಅಂಗಡಿಯ ಕಸುಬು. ಬಾಬಣ್ಣ ಮಾಲಕ, ವಾಯರಿನ ಕೆಲಸವೆಲ್ಲ ಬುಡ್ಡೇಸಾಬನದು.

ಕಾರು ಮುಂಡರಗಿಯ ಹತ್ತಿ ವ್ಯಾಪಾರಿ ಮೈಲಾರಲಿಂಗಪ್ಪನವರದು. ಚಾಲಕ ಯಮನೂರಪ್ಪ ಸ್ಟೇರಿಂಗಿನ ಮುಂದೆ ಕುಳಿತಿದ್ದ.

"ಒತ್ತು," ಎಂದಿತು ಬಾನೆಟ್ಟಿನ ಒಳಗಿನ ದನಿ.

"ಒತ್ತೇನಿ."

"ಬಿಡು. ಮತ್ತ ಒತ್ತು."

"ಬುಡ್ಡೇಸಾಬ, ಮುಂಡರಗಿಯಿಂದ ಇಲ್ಲೀತನಕಾ ಒತ್ತಿಕೋತನ ಬಂದೀನಿ. ಹಾರ್ನ್ ಇಲ್ಲದ್ದಕ್ಕ ಕಿಡಕಿಯಿಂದ ತಲಿ ಹೊರಗ ಹಾಕಿ, ಮುಂದ ಚಕ್ಕಡಿ ಹೊಡೀತಿದ್ದ ಒಬ್ಬ ಮುದುಕಗ, ಓ ಕಾಕಾ, ಬಾಜೂಕ ಸರೀರಿ ಅಂತ ಒದರಿದೆ. ಆ ಮುದುಕ ಹಾದಿ ನಡುವ ಗಾಡಿ ನಿಂದರಿಸಿ, ಎತ್ತಿನ ಹಗ್ಗ ಹಿಡಕೊಂಡು ನನ್ನ ಹಂತೇಕ ಬಂದು, ಯಾರ ಪೈಕಿ ತಮ್ಮಾ ನೀ, ಗುರ್ತಾ ಸಿಗವಲ್ದು ಅಂದ. ಅವಂಗ ನಮ್ಮ ಮನಿತನಾ ಹೇಳಿ ಮುಗಸೂದ್ರಾಗ ಅರ್ಧ ತಾಸು ಆತು."

"ಸುಮ್ನಿರೋ ಮಾರಾಯಾ. ಅದರ ಮಾತು ಕೇಳಗೊಡು."

ಯಾರ ಮಾತು ಎಂದು ಮಾಸ್ತರರಿಗೆ ತಿಳಿಯಲಿಲ್ಲ. ಬ್ಯಾಟರಿಯ ವಿಷಯ ಅಲ್ಲಿಯೇ ಬಿಟ್ಟು ಅವರು ಕಾರಿನ ಬಳಿಗೆ ಬಂದು ಇಣಿಕಿದರು. ಬುಡ್ಡೇಸಾಬ, ಮೂವತ್ತರ ಆಸುಪಾಸಿನ ತೆಳ್ಳಗಿನ ಮನುಷ್ಯ, ಬೆಂಕಿಪೆಟ್ಟಿಗೆಗಿಂತ ತುಸು ದೊಡ್ಡದಾದ ಒಂದು ತಗಡಿನ ಡಬ್ಬಿಯ ಮೇಲೆ ತೋರುಬೆರಳನ್ನಿಟ್ಟು ಕಣ್ಣು ಮುಚ್ಚಿದ್ದ. ಡಬ್ಬಿಯ ಕೆಳಗೆ ಮೂರು ಹಿತ್ತಾಳೆಯ ಕಾಲುಗಳು. ಒಂದೊಂದು ಕಾಲಿಗೂ ಒಂದೊಂದು ವಾಯರು.

"ಏನದು?" ಎಂದು ಮಾಸ್ತರರು ಕೇಳಿದರು.

ಬುಡ್ಡೇಸಾಬ ಕಣ್ಣು ತೆರೆದ. ಧೋತರ, ಕರಿ ಟೋಪಿ, ಬಗಲಲ್ಲಿ ಛತ್ರಿ ನೋಡಿ ಮಾಸ್ತರರೇ ಎಂದು ಗುರುತು ಹಿಡಿದಿರಬೇಕು.

"ರಿಲೇ ಅಂತಾರ್ರಿ ಸರ. ಗುಂಡಿ ಒತ್ತಿದ್ರ ಹಾರ್ನಿಗೆ ಸೀದಾ ಹೋಗಿ ಮುಟ್ಟಂಗಿಲ್ಲರಿ. ಗುಂಡಿ ಇದಕ್ಕ ಹೇಳತೈತಿ, ಇದು ಹಾರ್ನಿಗೆ ಹೇಳತೈತಿ. ಮನಿಯೊಳಗ ಅವ್ವನ ಮುಂದ ಹೇಳಿದ್ರ ಅಪ್ಪಗ ಮುಟ್ಟತೈತಲ್ರಿ, ಹಂಗ."

"ಸೀದಾ ಹೇಳಿದರೇನು?"

"ಹಾರ್ನ್ ಭಾಳ ಕರೆಂಟ್ ತಿಂತೈತ್ರಿ. ಗುಂಡಿಯಿಂದ ಬರೂ ವಾಯರು ಸಣ್ಣದು. ಅದಕ್ಕ ತಡಿಯಂಗಿಲ್ಲ."

ವಿದ್ಯುತ್ತು ಹರಿದಾಗ ತಂತಿಯ ಸುರುಳಿ ಕಬ್ಬಿಣವನ್ನು ಎಳೆಯುತ್ತದೆ ಎಂಬ ಪಾಠವನ್ನು ಮಾಸ್ತರರು ಹದಿನಾಲ್ಕು ವರ್ಷ ಕಲಿಸಿದ್ದರು. ಆ ಪಾಠ ಒಂದು ಕಾರಿನ ಮೂಲೆಯಲ್ಲಿ ತಗಡಿನ ಡಬ್ಬಿಯೊಳಗೆ ಕುಳಿತು ಹೊಟ್ಟೆಪಾಡು ನಡೆಸುತ್ತಿರುವುದನ್ನು ಅವರು ಕಂಡದ್ದು ಅಂದೇ. ಛತ್ರಿಯನ್ನು ಗೋಡೆಗೆ ಒರಗಿಸಿ ನಿಂತುಬಿಟ್ಟರು.

ಬುಡ್ಡೇಸಾಬ ಒಂದೊಂದಾಗಿ ತೋರಿಸಿದ. ಯಮನೂರಪ್ಪ ಗುಂಡಿ ಒತ್ತಿದಾಗಲೆಲ್ಲ ಡಬ್ಬಿ ಬೆರಳಿನ ಕೆಳಗೆ ಟಕ್ ಎನ್ನುತ್ತಿತ್ತು. ಹಾಗಾದರೆ ಗುಂಡಿ ಸರಿ ಇದೆ, ಗುಂಡಿಯ ವಾಯರು ಸರಿ ಇದೆ, ಒಳಗಿನ ಸುರುಳಿಯೂ ಸರಿ ಇದೆ. ಎರಡು ವಾಯರು ಬೆಸೆದ ಸಣ್ಣ ಬಲ್ಬೊಂದನ್ನು ತೆಗೆದು, ಒಂದು ವಾಯರನ್ನು ಕಾರಿನ ತಗಡಿಗೆ ಒತ್ತಿ, ಇನ್ನೊಂದನ್ನು ಬ್ಯಾಟರಿಯ ಕಡೆಯ ಕಾಲಿಗೆ ಮುಟ್ಟಿಸಿದ, ಬೆಳಗಿತು. ಹಾರ್ನಿನ ಕಡೆಯ ಕಾಲಿಗೆ ಮುಟ್ಟಿಸಿ, "ಒತ್ತು" ಎಂದ. ಟಕ್ ಎಂದಿತು, ಬಲ್ಬು ಬೆಳಗಲಿಲ್ಲ. ಕೊನೆಗೆ ಒಂದು ತುಂಡು ವಾಯರಿನಿಂದ ಆ ಎರಡು ಕಾಲುಗಳನ್ನು ಒಂದಕ್ಕೊಂದು ಕೂಡಿಸಿದ. ಹಾರ್ನು ಕೂಗಿದ ರಭಸಕ್ಕೆ ಯಮನೂರಪ್ಪನ ತಲೆ ಕಾರಿನ ಚಾವಣಿಗೆ ಬಡಿಯಿತು.

"ಹಾರ್ನಿನ ಗಂಟಲಾ ಚಲೋ ಐತಿ. ಇದರ ಒಳಗಿನ ನಾಲಿಗಿ ಸುಟ್ಟೈತ್ರಿ ಸರ. ಟಕ್ ಅಂತ ಹೋಗಿ ಬಡೀತೈತಿ, ಆದ್ರ ಕರೆಂಟ್ ದಾಟಸಂಗಿಲ್ಲ. ಹೊಸಾದು ಹಾಕಬೇಕು."

ಹೊಸ ರಿಲೇ ಅಂಗಡಿಯಲ್ಲಿ ಇರಲಿಲ್ಲ, ಹುಬ್ಬಳ್ಳಿಯಿಂದ ತರಿಸಬೇಕಾಗಿತ್ತು. ಕಾರು ಅಲ್ಲಿಯೇ ಉಳಿಯಿತು. ಬುಡ್ಡೇಸಾಬ ಹಳೆಯ ರಿಲೇ ಬಿಚ್ಚುವ ಮೊದಲು ಜೇಬಿನಿಂದ ಬಣ್ಣದ ನೂಲಿನ ತುಂಡುಗಳನ್ನು ತೆಗೆದ. ಬ್ಯಾಟರಿಯ ವಾಯರಿಗೆ ಕೆಂಪು, ಹಾರ್ನಿನ ವಾಯರಿಗೆ ಹಳದಿ, ಗುಂಡಿಯ ವಾಯರಿಗೆ ಹಸಿರು. ಒಂದೊಂದಕ್ಕೂ ಸಣ್ಣ ಗಂಟು ಕಟ್ಟಿದ.

ಆ ನೂಲು ಬಂದದ್ದು ಅವನ ನೆರೆಮನೆಯ ನೇಕಾರಗಿತ್ತಿ ಬನಶಂಕರೆವ್ವನಿಂದ. ಸೀರೆ ಮುಗಿದ ಮೇಲೆ ಮಗ್ಗದಲ್ಲಿ ಉಳಿದ ಹಾಸಿನ ಎಳೆಗಳಿಗೆ ಹೊಸ ಹಾಸಿನ ಎಳೆಗಳನ್ನು ಒಂದಕ್ಕೊಂದು ಹೊಂದಿಸಿ ಗಂಟು ಹಾಕುತ್ತಾರೆ. ಕೆಚ್ಚುವುದು ಎನ್ನುತ್ತಾರೆ ಅದಕ್ಕೆ. ಮೊದಲನೆಯ ಎಳೆಗೆ ಮೊದಲನೆಯದು, ಎರಡನೆಯದಕ್ಕೆ ಎರಡನೆಯದು. ಸಾವಿರಾರು ಎಳೆ ಇದ್ದರೂ ಒಂದು ಅತ್ತಿತ್ತ ಆಗುವುದಿಲ್ಲ. ಚಿಕ್ಕಂದಿನಿಂದ ಅದನ್ನು ನೋಡುತ್ತ ಬೆಳೆದ ಬುಡ್ಡೇಸಾಬ ವಾಯರಿನ ಕೆಲಸಕ್ಕೂ ಅದೇ ಪದ್ಧತಿ ಇಟ್ಟುಕೊಂಡಿದ್ದ. ಒಂಬತ್ತು ವರ್ಷ ಅದು ಅವನ ಕೈ ಬಿಟ್ಟಿರಲಿಲ್ಲ.

ನಾಲ್ಕನೆಯ ದಿನ ರಿಲೇ ಬಂದಿತು. ಮಾಸ್ತರರೂ ಶಾಲೆ ಬಿಟ್ಟ ಕೂಡಲೇ ಬಂದರು. ಬಾಬಣ್ಣನ ಮುಂದೆ ಬ್ಯಾಟರಿಯ ನೆಪ ಹೇಳಿದರು. ಆದರೆ ಕಣ್ಣು ಕಾರಿನ ಕಡೆಗೇ ಇತ್ತು. ಬುಡ್ಡೇಸಾಬ ಹೊಸ ಡಬ್ಬಿಯನ್ನು ಅವರ ಕೈಗೇ ಕೊಟ್ಟು ತೋರಿಸಿದ. ಬೇರೆ ಕಂಪನಿಯದು, ಹೊಳಪಿನದು. ಕಾಲುಗಳ ಬುಡದಲ್ಲಿ ಇಂಗ್ಲಿಷಿನ ಒಂದೊಂದು ಅಕ್ಷರ ಒತ್ತಿದ್ದರು. ಮಾಸ್ತರರು ಅವನ್ನೂ ನೋಡಿದರು. ನೋಡಿ, ಅಂದವಾಗಿದೆ ಎಂದು ತಿರುಗಿ ಕೊಟ್ಟರು.

ಬುಡ್ಡೇಸಾಬ ಬ್ಯಾಟರಿಯ ತಂತಿ ಕಳಚಿ, ಹಳೆಯದನ್ನು ತೆಗೆದು, ಹೊಸದನ್ನು ಕೂಡಿಸಿದ. ಎಡಗಡೆಯ ಕಾಲಿಗೆ ಕೆಂಪು, ನಡುವಿನದಕ್ಕೆ ಹಳದಿ, ಬಲಗಡೆಯದಕ್ಕೆ ಹಸಿರು, ಹಿಂದೆ ಹೇಗಿತ್ತೋ ಹಾಗೆಯೇ. ಬಳಿಕ ಬ್ಯಾಟರಿಯ ತಂತಿ ಸಿಕ್ಕಿಸಿದ. ಡಬ್ಬಿ ಟಕ್ ಎಂದಿತು.

"ಒತ್ತು," ಎಂದ.

ಯಮನೂರಪ್ಪ ಒತ್ತಿದ. ಹಾರ್ನು ಕೂಗಲಿಲ್ಲ. ಸ್ಟೇರಿಂಗಿನ ಕೊಳವೆಯಿಂದ ಬಿಳಿ ಹೊಗೆ ಎದ್ದಿತು.

"ಬುಡ್ಡ್ಯಾ, ಇದು ಬೀಡಿ ಸೇದಾಕತ್ತೈತಿ," ಎನ್ನುತ್ತ ಯಮನೂರಪ್ಪ ಬಾಗಿಲು ತೆಗೆದು ಹೊರಗೆ ಹಾರಿದ. ಬುಡ್ಡೇಸಾಬ ಬ್ಯಾಟರಿಯ ತಂತಿಯನ್ನು ಬರಿಗೈಯಿಂದಲೇ ಕಿತ್ತೆಸೆದ. ಅಷ್ಟರಲ್ಲಿ ಗುಂಡಿಯ ವಾಯರು ಉದ್ದಕ್ಕೂ ಕರಗಿ ಹೋಗಿತ್ತು. ಸುಟ್ಟ ರಬ್ಬರಿನ ವಾಸನೆ ನೆರೆಯ ಅಂಗಡಿಯವರನ್ನೆಲ್ಲ ಕರೆತಂದಿತು.

ಬಾಬಣ್ಣ ಬೈಯಲಿಲ್ಲ. ಅದೇ ಹೆಚ್ಚು ನೋವಾಗುವಂತಿತ್ತು.

"ಏನ ಮಾಡಿದಿ?"

"ಇದ್ದ ಜಾಗಾಕ್ಕ ಇದ್ದ ವಾಯರು ಹಚ್ಚೀನಿ, ಅಣ್ಣಾ. ಬೇಕಾದ್ರ ನೂಲು ನೋಡು."

"ಹಂಗಿದ್ರ ಯಾಕ ಸುಟ್ಟಿತು?"

ಬುಡ್ಡೇಸಾಬ ನೂಲಿನ ಗಂಟುಗಳನ್ನು ಒಂದೊಂದಾಗಿ ಮತ್ತೆ ಮುಟ್ಟಿ ನೋಡಿದ.

"ನೋಡು, ತಪ್ಪು ಯಾರದರೆ ಇರಲಿ. ಯಾಕ ಸುಟ್ಟಿತು ಅನ್ನೂದು ಗೊತ್ತಿಲ್ಲ ಅಂದ್ರ ನಾಳಿ ಇನ್ನೊಂದು ಕಾರು ಸುಡತೈತಿ. ಕಾರಣಾ ಹೇಳು, ಆಮ್ಯಾಲೆ ಗಾಡಿಗೆ ಕೈ ಹಚ್ಚು. ಅಲ್ಲೀತನಕಾ ಬ್ಯಾಟರಿಗೆ ನೀರು ಹಾಕು."

ಬಾಬಣ್ಣ ತಾನೇ ಹೊಸ ವಾಯರು ಎಳೆದ. ಹಳೆಯ ರಿಲೇಯ ತಗಡು ಎಬ್ಬಿಸಿ, ಒಳಗಿನ ಸುಟ್ಟ ಜಾಗವನ್ನು ಉಸುಕಿನ ಕಾಗದದಿಂದ ತಿಕ್ಕಿ, ಸದ್ಯಕ್ಕೆ ನಡೆಯಲಿ ಎಂದು ಕೂಡಿಸಿ ಕಾರು ಕಳಿಸಿದ. ಹೊಸದನ್ನು, "ಮಾಲ ಖೊಟ್ಟಿ ಇರಬೇಕು" ಎಂದು ಹಲಗೆಯ ಮೇಲೆ ಒಗೆದ.

ಮುಂದಿನ ವಾರ ಮಾಸ್ತರರು ಎರಡು ಸಲ ಆ ದಾರಿಯಲ್ಲಿ ಹೋದರು. ಎರಡೂ ಸಲ ಬುಡ್ಡೇಸಾಬ ಸ್ಟೂಲನ್ನು ಗೋಡೆಯ ಕಡೆಗೆ ತಿರುಗಿಸಿಕೊಂಡು ಬ್ಯಾಟರಿಗಳಿಗೆ ನೀರು ಹಾಕುತ್ತಿದ್ದ. ರಸ್ತೆಯಲ್ಲಿ ಯಾವ ಗಾಡಿ ನಿಂತರೂ ತಿರುಗಿ ನೋಡುತ್ತಿರಲಿಲ್ಲ. ಗದಗ ಸ್ಟೇಶನ್ನಿನಲ್ಲಿ ಟಾಂಗಾ ಹೊಡೆಯುತ್ತಿದ್ದ ರಹಮಾನಸಾಬನ ಮಗ ಅವನು; ಕುದುರೆ ಸತ್ತ ವರ್ಷ ಎರಡನೆಯ ಇಯತ್ತೆಗೆ ಶಾಲೆ ಬಿಟ್ಟು, ಹತ್ತಿ ಗಿರಣಿಯಲ್ಲಿ ದುಡಿದು, ಕಡೆಗೆ ಈ ಕಸುಬು ಹಿಡಿದಿದ್ದ. ಹಿಡಿದ ಮೇಲೆ ಬೇರೊಂದನ್ನು ಬಯಸಿರಲಿಲ್ಲ.

"ನಾಗಾವ್ಯಾಗ ನಮ್ಮ ಮಾವನೋರ ಹೊಲಾ ಐತ್ರಿ ಸರ," ಎಂದ ಎರಡನೆಯ ಸಲ, ತಿರುಗದೆಯೇ. "ಬಂದು ಬಿಡು ಅಂತಾರ. ನನ್ನ ಹೇಣ್ತಿ ಖೈರುನಬಿನೂ ಹೂಂ ಅಂತಾಳ. ಹೋಗಿಬಿಡಬೇಕು ಅಂತ ಮಾಡೀನಿ."

"ಹೊಲದ ಕೆಲಸ ಬರುತ್ತದೆಯೇ?"

"ಬ್ಯಾಟರಿಗೆ ನೀರು ಹಾಕಾಕ ಬರತೈತಿ. ಬೆಳಿಗೂ ಹಾಕಬಹುದು."

ಮಾಸ್ತರರಿಗೆ ನಗು ಬರಲಿಲ್ಲ. ವಾಯರು ಸುಟ್ಟ ದಿನದಿಂದ ಅವರ ತಲೆಯಲ್ಲಿಯೂ ಅದೇ ಹುಳು ಕೊರೆಯುತ್ತಿತ್ತು. ಇದ್ದ ಜಾಗಕ್ಕೆ ಇದ್ದ ವಾಯರು ಹಾಕಿದ್ದನ್ನು ಅವರೇ ಕಣ್ಣಾರೆ ಕಂಡಿದ್ದರು. ಹಾಗಾದರೆ ಸುಟ್ಟದ್ದೇಕೆ?

"ಐತವಾರ ಶಾಲೆಗೆ ಬಾ," ಎಂದರು. "ಆ ಹೊಸ ರಿಲೇ ತಾ. ಹಳೆಯ ಮಾದರಿಯದೂ ಒಂದು ತಾ. ಬಾಬಣ್ಣನವರನ್ನು ಕೇಳಿ ಒಂದು ಬ್ಯಾಟರಿಯನ್ನೂ ಹೊತ್ತು ತಾ. ಹೇಗೂ ನನಗೆ ಕೊಡಬೇಕಾದದ್ದು ಇದೆ."

ಐತವಾರ ಮುಂಜಾನೆ ಇಬ್ಬರೂ ವಿಜ್ಞಾನದ ಕೋಣೆಯಲ್ಲಿ ಕುಳಿತರು. ಮೇಜಿನ ಮೇಲೆ ಬ್ಯಾಟರಿ, ಒಂದು ಹಳೆಯ ಹಾರ್ನು, ಒಂದು ಕರೆಗಂಟೆಯ ಗುಂಡಿ. ಬುಡ್ಡೇಸಾಬ ಮೊದಲು ಗುಜರಿಯಿಂದ ತಂದಿದ್ದ ಹಳೆಯ ಮಾದರಿಯ ರಿಲೇ ಕೂಡಿಸಿದ. ಗುಂಡಿ ಒತ್ತಿದರು, ಟಕ್ ಎಂದಿತು, ಹಾರ್ನು ಕೂಗಿತು. ಶಾಲೆಯ ಮಾಡಿನ ಮೇಲಿನ ಪಾರಿವಾಳಗಳೆಲ್ಲ ಎದ್ದು ಹೋದವು. ಅದನ್ನು ತೆಗೆದು ಹೊಸದನ್ನು ಅದೇ ಜಾಗ, ಅದೇ ವಾಯರು ಎಂದು ಕೂಡಿಸಿದ. ಮಾಸ್ತರರು ಗುಂಡಿಯ ತನಕ ಕೈ ಒಯ್ದಿದ್ದರು, ಒತ್ತಿರಲಿಲ್ಲ. ಬ್ಯಾಟರಿಯ ವಾಯರು ಮುಟ್ಟಿದ ಕೂಡಲೇ ಡಬ್ಬಿ ಟಕ್ ಎಂದಿತು.

ಬುಡ್ಡೇಸಾಬನ ಕೈ ಗಾಳಿಯಲ್ಲಿ ನಿಂತಿತು.

"ಒತ್ತಿದಿರೇನ್ರಿ?"

"ಇಲ್ಲ."

"ಮತ್ತ ಇದು ಯಾಕ ಟಕ್ ಅಂತು?" ವಾಯರು ತೆಗೆದ, ಮತ್ತೆ ಮುಟ್ಟಿಸಿದ. ಮತ್ತೆ ಟಕ್. "ಸರ, ಅವತ್ತೂ ಹಿಂಗ ಅಂದಿತ್ರಿ. ಬ್ಯಾಟರಿ ತಂತಿ ಸಿಗಿಸಿದಾಗ ಅಂತು. ನಾ ಕಿವಿಗೆ ಹಾಕ್ಕೊಳ್ಳಲಿಲ್ಲ. ಯಾರೂ ಹೇಳದನ ಇದು ಎದ್ದು ನಿಂತಿತ್ತು."

ಗುಂಡಿ ಒತ್ತುವುದು ಬೇಡವೆಂದು ಇಬ್ಬರೂ ನಿಶ್ಚಯಿಸಿದರು. ಪೆನ್ಸಿಲ್ ಕೊರೆಯುವ ಚಾಕುವಿನಿಂದ ಎರಡೂ ಡಬ್ಬಿಗಳ ತಗಡನ್ನು ಎಬ್ಬಿಸಿ ಅಕ್ಕಪಕ್ಕ ಇಟ್ಟರು. ಎರಡರಲ್ಲಿಯೂ ಸುರುಳಿ ಒಂದೇ, ನಾಲಿಗೆಯಂಥ ಪಟ್ಟಿ ಒಂದೇ. ಬುಡ್ಡೇಸಾಬ ಮೊಳೆಯ ತುದಿಯಿಂದ ಕೂದಲೆಳೆಯಂಥ ತಂತಿಯ ಹಾದಿ ಹಿಡಿದು ನಡೆದ. ಹಳೆಯದರಲ್ಲಿ ಅದು ಬಲಗಡೆಯ ಕಾಲಿಗೆ ಹೋಗಿ ಮುಟ್ಟಿತು. ಹೊಸದರಲ್ಲಿ ನಡುವಿನ ಕಾಲಿಗೆ.

ಅವನು ಮೊಳೆಯನ್ನು ಹಿಂದಕ್ಕೆ ತಂದು ಅದೇ ಹಾದಿಯಲ್ಲಿ ಇನ್ನೊಮ್ಮೆ ನಡೆಸಿದ.

"ಗುಂಡಿ ಕಾಲು ನಡುವ ಬಂದೈತಿ," ಎಂದ. "ಹಾರ್ನಿನ ಕಾಲು ಬಲಕ್ಕ ಹೋಗೈತಿ. ನಾ ಹಾರ್ನಿನ ವಾಯರು ಒಯ್ದು ಸುರುಳಿಗೆ, ಗುಂಡಿ ವಾಯರು ಒಯ್ದು ಹಾರ್ನಿನ ಕಾಲಿಗೆ ಕಟ್ಟೀನ್ರಿ. ಸುರುಳಿ ಹಾರ್ನಿನೊಳಗಿಂದನ ಹಾದಿ ಮಾಡ್ಕೊಂಡು ತನ್ನಷ್ಟಕ್ಕ ತಾನ ಎಳಕೊಂಡು ನಿಂತೈತಿ. ದೊಡ್ಡ ಕರೆಂಟ್ ಬಂದು ಗುಂಡಿಯ ಸಣ್ಣ ವಾಯರಿನ ಬಾಗಲದಾಗ ಕಾಯಾಕತ್ತಿತ್ತು. ಯಮನೂರಪ್ಪ ಒತ್ತಿದ, ಬಾಗಲಾ ತಗದಾ."

ಮಾಸ್ತರರು ಹೊಸ ಡಬ್ಬಿಯನ್ನು ತಿರುಗಿಸಿ ಕಾಲುಗಳ ಬುಡ ನೋಡಿದರು. ಎಡಕ್ಕೆ ಬಿ, ನಡುವೆ ಎಸ್, ಬಲಕ್ಕೆ ಎಚ್. ಹಳೆಯದರಲ್ಲಿ ಬಿ, ಎಚ್, ಎಸ್. ಬ್ಯಾಟರಿ, ಹಾರ್ನು, ಸ್ವಿಚ್ಚು ಎಂಬುದು ಅವರಿಗೆ ಆಗ ಹೊಳೆಯಿತು.

"ಈ ಅಕ್ಷರ ನೀನು ನೋಡಿರಲಿಲ್ಲವೇ?"

ಬುಡ್ಡೇಸಾಬ ಕೆಳಗೆ ನೋಡಿದ. "ನೋಡೇನ್ರಿ. ನೋಡಾಕ ಬರತೈತಿ. ಓದಾಕ ಬರಾಂಗಿಲ್ಲ."

ಮಾಸ್ತರರಿಗೆ ನಾಚಿಕೆಯಾಯಿತು. ಓದಲು ಬರುವ ತಾವು ಅದೇ ಡಬ್ಬಿಯನ್ನು ಅಂದು ಕೈಯಲ್ಲಿ ಹಿಡಿದು, ಅದೇ ಅಕ್ಷರಗಳನ್ನು ಓದಿ, ಅಂದವಾಗಿದೆ ಎಂದಿದ್ದರು.

"ಬಾಬಣ್ಣನವರಿಗೆ ಗೊತ್ತೇ?"

"ಇಲ್ಲರಿ. ಡಬ್ಬಿ ಬಂದ ಕೂಡ್ಲೇ ನಾನೂ ಓದಿದಂಗ ಮಾಡಿ ನೋಡ್ತೀನಿ. ಕನ್ನಡಾ ಕೂಡಿಸಿ ಕೂಡಿಸಿ ಓದ್ತೀನಿ. ಇದು ಮಾತ್ರ ಇಲ್ಲ." ಮೊಳೆಯನ್ನು ಮೇಜಿನ ಮೇಲಿಟ್ಟ. "ಕಾರಣಾ ಸಿಕ್ಕಿತು. ಈಗ ಅದನ್ನ ಹೇಳಬೇಕಂದ್ರ ಇದನ್ನೂ ಹೇಳಬೇಕು."

ಮಾಸ್ತರರು ಚಹಾ ತರಿಸಿದರು. ಚಹಾ ಮುಗಿಯುವುದರೊಳಗೆ ಮೂರು ಅಕ್ಷರ ಕಲಿಸಿದರು. ಎಚ್ ಎಂದರೆ ಏಣಿ ಎಂದ ಬುಡ್ಡೇಸಾಬ, ಎಸ್ ಎಂದರೆ ಹಾವು, ಬಿ ಎಂದರೆ ಎರಡು ಹೊಟ್ಟೆಯ ಸಾವಕಾರ. ಆದರೆ ಅಷ್ಟಕ್ಕೆ ಅವನಿಗೆ ಸಮಾಧಾನವಾಗಲಿಲ್ಲ.

"ಅಕ್ಷರಾ ಅಳಿಸಿದ್ರ ಏನ ಮಾಡೂದು ಸರ? ಇದನ್ನ ಕೇಳಿದ್ರ ಹೇಳಬೇಕಲ್ಲ, ನನ್ನ ಕಾಲು ಯಾವ್ಯಾವು ಅಂತ."

ಮಧ್ಯಾಹ್ನದ ತನಕ ಕುಳಿತು ಕೇಳುವ ಬಗೆಯನ್ನು ಅವನೇ ಕಂಡುಹಿಡಿದ. ಬ್ಯಾಟರಿಯ ಎರಡು ವಾಯರುಗಳನ್ನು ಎರಡೆರಡು ಕಾಲುಗಳಿಗೆ ಮುಟ್ಟಿಸುತ್ತ ಹೋದ. ಒಂದೇ ಒಂದು ಜೋಡಿಗೆ ಡಬ್ಬಿ ಟಕ್ ಎಂದಿತು. ಹಾಗಾದರೆ ಉಳಿದ ಮೂರನೆಯದು ಹಾರ್ನಿನ ಕಾಲು. ಟಕ್ ಎಂದು ಹಿಡಿದಿರುವಾಗಲೇ ಆ ಮೂರನೆಯದಕ್ಕೂ ಬ್ಯಾಟರಿಯ ಮೈನಸ್ಸಿಗೂ ನಡುವೆ ಬಲ್ಬು ಹಚ್ಚಿದ. ಬೆಳಗಿದರೆ ಪ್ಲಸ್ ವಾಯರು ಮುಟ್ಟಿದ್ದು ಬ್ಯಾಟರಿಯ ಕಾಲು. ಬೆಳಗದಿದ್ದರೆ ಅದು ಗುಂಡಿಯ ಕಾಲು, ಅದಲು ಬದಲು ಮಾಡಬೇಕು. ಮಾಸ್ತರರು ಕಣ್ಣು ಮುಚ್ಚಿಸಿ ಡಬ್ಬಿಗಳನ್ನು ಬದಲಾಯಿಸಿ ಕೊಟ್ಟರು. ಏಳು ಸಲ ಕೇಳಿದ, ಏಳು ಸಲವೂ ಡಬ್ಬಿ ಸುಳ್ಳು ಹೇಳಲಿಲ್ಲ.

ಸೋಮವಾರ ಅಂಗಡಿಯಲ್ಲಿ ಬುಡ್ಡೇಸಾಬ ಎರಡೂ ಡಬ್ಬಿಗಳನ್ನು ಬಾಬಣ್ಣನ ಮುಂದಿಟ್ಟು ಮೊಳೆಯಿಂದ ತೋರಿಸಿದ. ಕಾರಣ ಹೇಳಿದ. ಬಳಿಕ, ತಲೆ ತಗ್ಗಿಸಿ, ಉಳಿದದ್ದನ್ನೂ ಹೇಳಿದ. ಮಾಸ್ತರರು ಹೊರಗೆ ಹೊಸ್ತಿಲ ಬಳಿ ನಿಂತಿದ್ದರು. ಒಳಗೆ ಹೋಗುವ ಧೈರ್ಯವಾಗಲಿಲ್ಲ.

ಬಾಬಣ್ಣ ಹೊಸ ಡಬ್ಬಿಯನ್ನು ತಿರುಗಿಸಿ ಬುಡದ ಅಕ್ಷರ ನೋಡಿದ.

"ಓದಾಕ ಬರಾಂಗಿಲ್ಲ ಅಂತ ನನಗ ಗೊತ್ತೈತಿ. ಡಬ್ಬಿ ತಲಿಕೆಳಗ ಹಿಡದು ಓದವ್ರನ್ನ ನಾ ನಿನ್ನೊಬ್ಬನ್ನ ನೋಡೀನಿ."

"ಗೊತ್ತಿದ್ರ ಯಾಕ ಹೇಳಲಿಲ್ಲ, ಅಣ್ಣಾ?"

"ನೀ ಓದತಿದ್ದಿಯಲ್ಲ ಗಂಭೀರ ಆಗಿ. ನಡುವ ಬಾಯಿ ಹಾಕಬಾರದು ಅಂತ ಸುಮ್ನಾದೆ." ಡಬ್ಬಿಯನ್ನು ಅವನ ಕಡೆಗೆ ಸರಿಸಿದ. "ನನಗ ಓದಾಕ ಬರತಿತ್ತು. ಆದ್ರ ಇದನ್ನ ಹಲಗಿ ಮ್ಯಾಲೆ ಒಗದು, ಮಾಲ ಖೊಟ್ಟಿ ಅಂದೆ. ಮುಂಡರಗಿ ಕಾರಿಗೆ ಹೇಳಿ ಕಳಸ್ತೀನಿ. ನೀನ ಹಾಕು."

ಎರಡು ದಿನ ಬಿಟ್ಟು ಯಮನೂರಪ್ಪ ಕಾರು ತಂದ. ಬುಡ್ಡೇಸಾಬ ಡಬ್ಬಿಯನ್ನು ಮೊದಲು ಹಲಗೆಯ ಮೇಲೆ ಮಾತನಾಡಿಸಿ, ಏಣಿ ಎಲ್ಲಿ, ಹಾವು ಎಲ್ಲಿ ಎಂದು ನೋಡಿ, ಎರಡೂ ಒಂದೇ ಮಾತು ಹೇಳಿದ ಮೇಲೆ ಕಾರಿಗೆ ಕೂಡಿಸಿದ. ಬ್ಯಾಟರಿಯ ತಂತಿ ಸಿಕ್ಕಿಸಿದಾಗ ಡಬ್ಬಿ ಸುಮ್ಮನೇ ಇತ್ತು.

"ಒತ್ತು," ಎಂದ.

ಯಮನೂರಪ್ಪ ಆಗಲೇ ರಸ್ತೆಯ ಆಚೆ ಬದಿಗೆ ಹೋಗಿ ನಿಂತಿದ್ದ. "ಈ ಸಲ ನೀನ ಒತ್ತಪಾ. ನನಗ ಇಲ್ಲೀ ಚಲೋ ಕೇಳಸತೈತಿ."

ಬುಡ್ಡೇಸಾಬನೇ ಒತ್ತಿದ. ಹಾರ್ನು ಕೂಗಿತು. ಅವನು ಅಗತ್ಯಕ್ಕಿಂತ ತುಸು ಹೆಚ್ಚೇ ಹೊತ್ತು ಒತ್ತಿದನೆಂದು ಮಾಸ್ತರರಿಗೆ ಅನಿಸಿತು.

ನಾಗಾವಿಗೆ ಅವನು ಹೋಗಲಿಲ್ಲ. ಬಾಬಣ್ಣನ ಅಂಗಡಿಯಲ್ಲಿಯೇ ಇನ್ನೂ ಏಳು ವರ್ಷ ದುಡಿದ. ಅಕ್ಷರ ಬಂದ ಮೇಲೂ ಮೊದಲು ಡಬ್ಬಿಯನ್ನು ಕೇಳುವ ಪದ್ಧತಿ ಬಿಡಲಿಲ್ಲ. ಓದಾಕ ಬಂದ್ರೂ ನಿನಗ ನಂಬಿಕಿ ಇಲ್ಲ ಎಂದು ಬಾಬಣ್ಣ ಛೇಡಿಸುತ್ತಿದ್ದ. ೧೯೮೩ರಲ್ಲಿ ಶಿರಹಟ್ಟಿಯ ಬಾಡಿಗೆ ಕಾರೊಂದಕ್ಕೆ ಯಾರೋ ದುರುಸ್ತಿ ಮಾಡಿ ಮಾರಿದ ರಿಲೇ ಬಂದಿತು. ಒಳಗಿನ ಯಂತ್ರ ಒಂದು ಡಬ್ಬಿಯದು, ಅಕ್ಷರ ಒತ್ತಿದ ತಳ ಇನ್ನೊಂದರದು. ಅಕ್ಷರ ನಂಬಿ ಕೂಡಿಸಿದ್ದರೆ ಮತ್ತೊಮ್ಮೆ ಹೊಗೆ ಏಳುತ್ತಿತ್ತು. ಬುಡ್ಡೇಸಾಬ ಬಲ್ಬು ಹಚ್ಚಿ, "ಇದು ಒಂದು ಹೇಳತೈತಿ, ಬರದದ್ದು ಒಂದು ಐತಿ, ಅಣ್ಣಾ" ಎಂದ. ಬಾಬಣ್ಣ ತಾನೂ ಬಲ್ಬು ಹಿಡಿದು ಎರಡು ಸಲ ಕೇಳಿ ನೋಡಿದ. ಆಮೇಲೆ ಛೇಡಿಸುವುದನ್ನು ಬಿಟ್ಟ.

ಈಗ ೧೯೮೯. ಬುಡ್ಡೇಸಾಬ ಲಕ್ಷ್ಮೇಶ್ವರದಲ್ಲಿ, ಶಿರಹಟ್ಟಿ ರಸ್ತೆಯ ಮಗ್ಗುಲಿಗೆ ತನ್ನದೇ ಒಂದು ಸಣ್ಣ ಅಂಗಡಿ ಇಟ್ಟಿದ್ದಾನೆ. ಮುಂಜಾನೆ ಟ್ರ್ಯಾಕ್ಟರುಗಳ ವಾಯರಿಂಗ್, ಮಧ್ಯಾಹ್ನದ ಮೇಲೆ ಕಾರು, ಜೀಪು. ಬಿಡಿಭಾಗ ಮಾರುವ ಅಂಗಡಿಯವರು ಹೊಸ ರಿಲೇಗಳ ಪೆಟ್ಟಿಗೆ ಒಡೆಯುವ ಮೊದಲು ಒಂದನ್ನು ಅವನ ಬಳಿಗೆ ಕಳಿಸುತ್ತಾರೆ.

ನಿವೃತ್ತರಾದ ಮಾಸ್ತರರು ಹೋದ ತಿಂಗಳು ಅಲ್ಲಿಗೆ ಹೋಗಿದ್ದಾಗ ಅವನ ಮುಂದೆ ಐದು ಕಾಲಿನ ರಿಲೇ ಒಂದಿತ್ತು. ಯಾವುದೋ ಪರದೇಶದ ಕಾರಿನ ಗುಜರಿಯಲ್ಲಿ ಸಿಕ್ಕದ್ದು. ಎಂಟು ದಿನಗಳಿಂದ ಅದನ್ನೇ ಹಿಡಿದು ಕುಳಿತಿದ್ದನಂತೆ. ಎರಡು ಬಲ್ಬು ಹಚ್ಚಿ ತೋರಿಸಿದ. ಡಬ್ಬಿ ಸುಮ್ಮನಿದ್ದಾಗ ಒಂದು ಬೆಳಗುತ್ತಿತ್ತು. ಟಕ್ ಎಂದಾಗ ಅದು ಆರಿ ಇನ್ನೊಂದು ಬೆಳಗುತ್ತಿತ್ತು.

"ಏನ ಮಾಡತೈತಿ ಅಂತ ಹೇಳೈತ್ರಿ ಸರ," ಎಂದ. "ಯಾಕ ಮಾಡತೈತಿ ಅಂತ ಇನ್ನಾ ಹೇಳಿಲ್ಲ."

ಮಾಸ್ತರರು ತಮಗೆ ತೋಚಿದ್ದನ್ನು ಹೇಳಲು ಬಾಯಿ ತೆರೆದರು. ಬುಡ್ಡೇಸಾಬ ಕೈ ಎತ್ತಿ ತಡೆದ. "ನೀವು ಹೇಳಬ್ಯಾಡ್ರಿ. ಕುಂಡ್ರಿ, ಚಾ ಹೇಳ್ತೀನಿ."

ಚಹಾ ಬಂದಿತು. ಅವನು ಲೋಟವನ್ನು ಪಕ್ಕಕ್ಕಿಟ್ಟು ಮತ್ತೆ ಡಬ್ಬಿಯ ಮೇಲೆ ಬೆರಳಿಟ್ಟ.